ಕುದುರೆಯ ನಡಿಗೆಯೂ ಹೊಲದ ಎಲ್ಲೆಯೂ

ಮನುಷ್ಯನು ನೆಲವನ್ನು ಯಾವ ದೃಷ್ಟಿಯಿಂದ ಕಾಣುತ್ತಾನೆ ಎಂಬುದನ್ನು ಅವನು ಕೈಯಲ್ಲಿ ಹಿಡಿದ ಉಪಕರಣವನ್ನು ನೋಡಿ ತಿಳಿಯಬಹುದು. ಉಪಕರಣವು ದೊಡ್ಡದಾದಂತೆ ಹೊಲವೂ ದೊಡ್ಡದಾಗಬೇಕಾಗುತ್ತದೆ. ಹೊಲವು ಹಿಗ್ಗಿದಂತೆ ಸಾಲವೂ, ಸಾಲವನ್ನು ತೀರಿಸಲು ಇನ್ನಷ್ಟು ಇಳುವರಿಯ ಆಸೆಯೂ ಬೆಳೆಯುತ್ತವೆ. ಈ ಸರಪಳಿಯ ಮೊದಲ ಕೊಂಡಿಯಲ್ಲಿಯೇ ಕೈ ತಡೆದ ಒಂದು ಕೃಷಿಕ ಸಮುದಾಯವು ಅಮೆರಿಕ ಸಂಯುಕ್ತ ಸಂಸ್ಥಾನದಲ್ಲಿದೆ. ಅವರೇ ಅಮಿಶ್ ಜನರು. ಅವರ ಬಾಳಿನಲ್ಲಿ ಮೆಚ್ಚತಕ್ಕದ್ದೂ ಇದೆ, ಪ್ರಶ್ನಿಸತಕ್ಕದ್ದೂ ಇದೆ. ಎರಡನ್ನೂ ಸಮಚಿತ್ತದಿಂದ ನೋಡುವುದು ಉಚಿತ.

ಅಮಿಶರು ಕ್ರೈಸ್ತಮತದ ಒಂದು ಶಾಖೆಗೆ ಸೇರಿದವರು. ಮಗುವಿಗೆ ಕೊಡುವ ದೀಕ್ಷಾಸ್ನಾನವು ಸಲ್ಲದು, ತಿಳಿವಳಿಕೆ ಬಂದ ಮೇಲೆ ಸ್ವಂತ ಇಚ್ಛೆಯಿಂದ ಸ್ವೀಕರಿಸಿದುದೇ ನಿಜವಾದ ದೀಕ್ಷೆ ಎಂದು ಸಾರಿದ ಅನಬ್ಯಾಪ್ಟಿಸ್ಟ್ ಪಂಥವು 1525ರಲ್ಲಿ ಸ್ವಿಟ್ಜರ್ಲೆಂಡಿನ ಜ್ಯೂರಿಚ್ ನಗರದಲ್ಲಿ ಹುಟ್ಟಿತು. ಈ ಪಂಥದವರನ್ನು ಅಂದಿನ ಆಡಳಿತಗಳು ಕ್ರೂರವಾಗಿ ಹಿಂಸಿಸಿದವು. ಪಟ್ಟಣಗಳಿಂದ ಹೊರದೂಡಲ್ಪಟ್ಟ ಅನೇಕರು ದೂರದ ಬಡ ನೆಲಗಳಲ್ಲಿ ಬೇಸಾಯ ಮಾಡಿ ಬದುಕಿದರು. 1693ರಲ್ಲಿ ಯಾಕೋಬ್ ಅಮ್ಮಾನ್ ಎಂಬ ಹಿರಿಯರು ಆಚಾರವು ಇನ್ನೂ ಬಿಗಿಯಾಗಿರಬೇಕೆಂದು ಬೇರೆಯಾದರು. ಅವರ ಹೆಸರಿನಿಂದಲೇ ಅಮಿಶ್ ಎಂಬ ಹೆಸರು ಬಂದಿತು. ಕನ್ನಡದ ‘ಆಮಿಷ’ಕ್ಕೂ ಅದಕ್ಕೂ ಯಾವ ಸಂಬಂಧವೂ ಇಲ್ಲ. 18ನೆಯ ಶತಮಾನದಲ್ಲಿ ಅವರ ಕುಟುಂಬಗಳು ಧಾರ್ಮಿಕ ಸ್ವಾತಂತ್ರ್ಯವಿದ್ದ ಪೆನ್ಸಿಲ್ವೇನಿಯಾಕ್ಕೆ ವಲಸೆ ಬಂದವು. ಇಂದು ಅವರ ಸಂಖ್ಯೆ ಸುಮಾರು 4 ಲಕ್ಷ. ಅವರಲ್ಲಿ ಅರ್ಧಕ್ಕಿಂತ ಹೆಚ್ಚಿನವರು ಪೆನ್ಸಿಲ್ವೇನಿಯಾ, ಒಹಾಯೋ, ಇಂಡಿಯಾನಾ ಎಂಬ ಮೂರು ರಾಜ್ಯಗಳಲ್ಲಿ ನೆಲೆಸಿದ್ದಾರೆ.

ಇವರ ಬಾಳನ್ನು ನಿಯಂತ್ರಿಸುವ ಕಟ್ಟುಪಾಡಿಗೆ ಜರ್ಮನ್ ಭಾಷೆಯಲ್ಲಿ ‘ಆರ್ಡ್‌ನುಂಗ್’ ಎಂದು ಹೆಸರು. ಅದು ಬಹುಮಟ್ಟಿಗೆ ಬರೆಹಕ್ಕೆ ಇಳಿಯದ ನಿಯಮ. ಸಾಮಾನ್ಯವಾಗಿ 20ರಿಂದ 40 ಕುಟುಂಬಗಳು ಸೇರಿ ಒಂದು ಸಭೆಯಾಗುತ್ತದೆ. ಪ್ರತ್ಯೇಕ ಪ್ರಾರ್ಥನಾಮಂದಿರವಿಲ್ಲದ ಈ ಜನರು ಎರಡು ವಾರಕ್ಕೊಮ್ಮೆ ಸರದಿಯಂತೆ ಒಬ್ಬೊಬ್ಬರ ಮನೆಯಲ್ಲಿ ಕೂಡುತ್ತಾರೆ. ಬೋಧಕರನ್ನು ತಮ್ಮ ನಡುವಿನಿಂದಲೇ ಚೀಟಿ ಎತ್ತುವ ಕ್ರಮದಿಂದ ಆರಿಸುತ್ತಾರೆ. ಬೋಧಕರಿಗೆ ಸಂಬಳವಿಲ್ಲ, ಅವರೂ ಉಳಿದವರಂತೆ ದುಡಿದೇ ಬದುಕಬೇಕು. ವರ್ಷಕ್ಕೆ ಎರಡು ಬಾರಿ, ವಸಂತದಲ್ಲಿಯೂ ಶರತ್ಕಾಲದಲ್ಲಿಯೂ, ಮಹಾಪ್ರಸಾದದ ಆಚರಣೆಗೆ ಮೊದಲು ಕಟ್ಟುಪಾಡುಗಳ ವಿಮರ್ಶೆ ನಡೆಯುತ್ತದೆ. ಪ್ರತಿಯೊಬ್ಬ ಸದಸ್ಯನೂ ಸದಸ್ಯೆಯೂ ತಮ್ಮ ಒಪ್ಪಿಗೆಯನ್ನು ತಿಳಿಸಬೇಕು. ಭಿನ್ನಮತವು ತೀವ್ರವಾಗಿದ್ದರೆ ಆ ಆಚರಣೆಯನ್ನೇ ಮುಂದೂಡುವುದುಂಟು.

ಯಂತ್ರವೆಲ್ಲವೂ ಪಾಪವೆಂದು ಅಮಿಶರು ಭಾವಿಸಿದ್ದಾರೆಂಬುದು ತಪ್ಪು ತಿಳಿವಳಿಕೆ. ಪೆನ್ಸಿಲ್ವೇನಿಯಾದ ಲ್ಯಾಂಕಾಸ್ಟರ್ ಕೌಂಟಿಯಲ್ಲಿ ಕೊಟ್ಟಿಗೆಯ ಬಳಿ ಟ್ರಾಕ್ಟರಿನ ಎಂಜಿನ್ನಿನಿಂದ ಯಂತ್ರಗಳನ್ನು ತಿರುಗಿಸಬಹುದು. ಆದರೆ ಅದೇ ಟ್ರಾಕ್ಟರು ಹೊಲಕ್ಕೆ ಇಳಿಯುವಂತಿಲ್ಲ. ಉಳುವ ಕೆಲಸವು ಕುದುರೆ, ಹೇಸರಗತ್ತೆಗಳದು. ಯಂತ್ರಗಳಿಗೆ ರಬ್ಬರ್ ಟೈರಿನ ಬದಲು ಉಕ್ಕಿನ ಚಕ್ರವಿರಬೇಕು. ಹೊರಗಿನವರಿಗೆ ಇದು ವಿಚಿತ್ರವಾಗಿ ಕಂಡೀತು. ಆದರೆ ಇದರ ಹಿಂದೆ ದೂರಾಲೋಚನೆಯಿದೆ. ಹೊಲಕ್ಕೆ ಬಂದ ಟ್ರಾಕ್ಟರು ನಾಳೆ ರಸ್ತೆಗೆ ಇಳಿಯುತ್ತದೆ, ಅದರ ಹಿಂದೆಯೇ ಮೋಟಾರುಕಾರು ಬರುತ್ತದೆ, ಕಾರು ಬಂದ ಮೇಲೆ ನೆರೆಹೊರೆಯು ಚದುರುತ್ತದೆ ಎಂಬುದು ಅವರ ತರ್ಕ. ಆ ವಸ್ತುವು ಮನೆಯನ್ನೂ ನೆರೆಯನ್ನೂ ಏನು ಮಾಡುತ್ತದೆ ಎಂಬ ಪ್ರಶ್ನೆಯನ್ನು ಅವರು ಕೊಳ್ಳುವುದಕ್ಕೆ ಮೊದಲೇ ಕೇಳುತ್ತಾರೆ.

ವ್ಯಾಪಾರಿಯ ಲೆಕ್ಕದಿಂದ ನೋಡಿದರೂ ಕುದುರೆಯು ಗಮನಾರ್ಹವಾದ ಬಂಡವಾಳ. ಅದರ ಇಂಧನವಾದ ಹುಲ್ಲೂ ಓಟ್ಸ್ ಧಾನ್ಯವೂ ಅದೇ ಹೊಲದಲ್ಲಿ ಬೆಳೆಯುತ್ತವೆ. ಅದರ ಲದ್ದಿಯು ಗೊಬ್ಬರವಾಗಿ ಅದೇ ಹೊಲಕ್ಕೆ ಮರಳುತ್ತದೆ. ಅದು ಮರಿ ಹಾಕುತ್ತದೆ, ಟ್ರಾಕ್ಟರು ಹಾಕುವುದಿಲ್ಲ. ಎಲ್ಲಕ್ಕಿಂತ ಮುಖ್ಯವಾಗಿ, ಕುದುರೆಗೆ ದಣಿವಾಗುತ್ತದೆ. ಸಾಲಿನ ಕೊನೆಯಲ್ಲಿ ಅದನ್ನು ನಿಲ್ಲಿಸಿ ಉಸಿರು ತೆಗೆದುಕೊಳ್ಳಲು ಬಿಡಬೇಕು. ಕತ್ತಲಾದ ಮೇಲೆ ದುಡಿಸಲಾಗದು. ಆದ್ದರಿಂದ ಒಂದು ಕುಟುಂಬವು ಸಾಗುವಳಿ ಮಾಡಬಲ್ಲ ಭೂಮಿಗೆ ತಾನಾಗಿಯೇ ಒಂದು ಎಲ್ಲೆ ಬೀಳುತ್ತದೆ. ಅಮೆರಿಕದ ಜಮೀನಿನ ಸರಾಸರಿ ವಿಸ್ತೀರ್ಣವು 450 ಎಕರೆಯನ್ನು ಮೀರಿದ್ದರೂ, ಲ್ಯಾಂಕಾಸ್ಟರಿನ ಅಮಿಶ್ ಕುಟುಂಬಗಳು ಅನೇಕ ವೇಳೆ 100 ಎಕರೆಗಿಂತ ಕಡಿಮೆ ನೆಲದಲ್ಲಿ ಬದುಕು ಸಾಗಿಸುತ್ತವೆ. 1980ರ ದಶಕದಲ್ಲಿ ಬಡ್ಡಿದರವು ಏರಿ ಭೂಮಿಯ ಬೆಲೆಯು ಕುಸಿದಾಗ, ಸಾಲ ಮಾಡಿ ಹೊಲವನ್ನೂ ಯಂತ್ರಗಳನ್ನೂ ಹೆಚ್ಚಿಸಿಕೊಂಡಿದ್ದ ಸಾವಿರಾರು ಅಮೆರಿಕನ್ ರೈತರು ನೆಲವನ್ನು ಕಳೆದುಕೊಂಡರು. ಅಂಥ ಯಂತ್ರಗಳಿಗಾಗಿ ಸಾಲ ಮಾಡದವರಿಗೆ ಆ ಭಾರವಿರಲಿಲ್ಲ.

ಒಹಾಯೋ ರಾಜ್ಯದ ಹೋಮ್ಸ್ ಕೌಂಟಿಯ ಸಾಂಪ್ರದಾಯಿಕ ಬೆಳೆಸರದಿಯೂ ಇಂಥದೇ ವಿವೇಕವನ್ನು ತೋರಿಸುತ್ತದೆ. ಮೊದಲ ವರ್ಷ ಮೆಕ್ಕೆಜೋಳ, ಮರುವರ್ಷ ಓಟ್ಸ್, ಶರತ್ಕಾಲದಲ್ಲಿ ಗೋಧಿ. ಆ ಗೋಧಿಯ ನಡುವೆ ಚಳಿಗಾಲದ ಕೊನೆಯಲ್ಲಿ ಕ್ಲೋವರ್ ಎಂಬ ದ್ವಿದಳ ಮೇವಿನ ಬೀಜವನ್ನು ಚೆಲ್ಲುತ್ತಾರೆ. ಗೋಧಿಯು ಕಟಾವಾದ ಮೇಲೆ ಕ್ಲೋವರ್ ಬೆಳೆದು ಮೇವಾಗುತ್ತದೆ. ಅದರ ಬೇರು ಗಾಳಿಯ ಸಾರಜನಕವನ್ನು ನೆಲದಲ್ಲಿ ಕೂಡಿಡುತ್ತದೆ. ಬಳಿಕ ಗೊಬ್ಬರವನ್ನು ಹರಡಿ ಉತ್ತು ಮತ್ತೆ ಮೆಕ್ಕೆಜೋಳವನ್ನು ಬಿತ್ತುತ್ತಾರೆ. ಈ ಪ್ರದೇಶದ ಅಮಿಶ್ ರೈತರಾದ ಡೇವಿಡ್ ಕ್ಲೈನ್ ಅವರು 1990ರಲ್ಲಿ ‘ಗ್ರೇಟ್ ಪೊಸೆಷನ್ಸ್’ ಎಂಬ ಪುಸ್ತಕವನ್ನು ಪ್ರಕಟಿಸಿದರು. ಹೆಸರಿನ ಅರ್ಥವು ‘ಮಹಾ ಸಂಪತ್ತು’ ಎಂದಾದರೂ ಅದರಲ್ಲಿರುವುದು ಹೊಲದ ಹಕ್ಕಿ, ಹೂವು, ಕೀಟಗಳ ವೃತ್ತಾಂತ. ಹುಲ್ಲುಗಾವಲಿನ ನೆಲದ ಮೇಲೆ ಗೂಡು ಕಟ್ಟುವ ಬಾಬೊಲಿಂಕ್‌ನಂಥ ಹಕ್ಕಿಗಳ ಮರಿಗಳು, ಮೇವನ್ನು ಬೇಗನೆ ಮತ್ತು ಪದೇ ಪದೇ ಕೊಯ್ಯುವ ಆಧುನಿಕ ಪದ್ಧತಿಯಲ್ಲಿ ರೆಕ್ಕೆ ಬಲಿಯುವ ಮೊದಲೇ ನಾಶವಾಗುತ್ತವೆ. ನಿಧಾನವಾಗಿ ನಡೆಯುವ ಕುದುರೆಯ ಹಿಂದೆ ಕುಳಿತವನಿಗೆ ಗೂಡು ಕಣ್ಣಿಗೆ ಬೀಳುವ ಅವಕಾಶವಾದರೂ ಇರುತ್ತದೆ.

ಇಷ್ಟನ್ನು ಮೆಚ್ಚಿದ ಮೇಲೆ ಲೆಕ್ಕದ ಮತ್ತೊಂದು ಪುಟವನ್ನೂ ತೆರೆಯಬೇಕು. ಅಮಿಶರಲ್ಲಿ ಹಲವರು ರಾಸಾಯನಿಕ ಗೊಬ್ಬರವನ್ನೂ ಕೀಟನಾಶಕಗಳನ್ನೂ ಬಳಸುತ್ತಾರೆ. ಲ್ಯಾಂಕಾಸ್ಟರಿನಲ್ಲಿ ತಂಬಾಕು ಬಹುಕಾಲ ಅವರ ಹಣದ ಬೆಳೆಯಾಗಿತ್ತು. 1960ರ ದಶಕದ ಕೊನೆಯಲ್ಲಿ ಹಾಲಿನ ಕಂಪನಿಗಳು ಶೀತಲೀಕರಿಸಿದ ದೊಡ್ಡ ತೊಟ್ಟಿಯಲ್ಲಿಯೇ ಹಾಲನ್ನು ಸಂಗ್ರಹಿಸಬೇಕೆಂದು ಕೇಳಿದಾಗ, ಅಲ್ಲಿಯ ಹಿರಿಯರು ವಿದ್ಯುತ್ ತಂತಿಯನ್ನು ಒಪ್ಪದೆ ಡೀಸೆಲ್ ಎಂಜಿನ್ನಿನಿಂದ ಹಾಲನ್ನು ತಂಪಾಗಿಸಲು ಸಮ್ಮತಿಸಿದರು. ಭಾನುವಾರ ಹಾಲನ್ನು ಒಯ್ಯಬಾರದೆಂಬ ಷರತ್ತನ್ನೂ ಹಾಕಿದರು. ಆಚಾರವು ಉಳಿಯಿತು, ಹಾಲಿನ ಮಾರುಕಟ್ಟೆಯೂ ಉಳಿಯಿತು. ಆದರೆ ನೆಲವು ಬೆಳೆಯದೆ ದನಗಳ ಸಂಖ್ಯೆ ಬೆಳೆಯಿತು. ಹೊರಗಿನಿಂದ ಕೊಂಡುತಂದ ಮೇವು ಸಗಣಿಯಾಗಿ, ಆ ಚಿಕ್ಕ ಹೊಲವು ಹೀರಬಲ್ಲದ್ದಕ್ಕಿಂತ ಹೆಚ್ಚಾಗಿ ಶೇಖರವಾಯಿತು. 2009ರಲ್ಲಿ ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆಯವರು ಲ್ಯಾಂಕಾಸ್ಟರಿನ ವಾಟ್ಸನ್ ರನ್ ಹಳ್ಳದ ಆಸುಪಾಸಿನ ಜಮೀನುಗಳನ್ನು ಪರಿಶೀಲಿಸಿದರು. ಅವುಗಳಲ್ಲಿ ಬಹುತೇಕ ಅಮಿಶರವೇ. ಬಹುಪಾಲು ಕಡೆಗಳಲ್ಲಿ ಗೊಬ್ಬರದ ನಿರ್ವಹಣೆ ಸರಿಯಿರಲಿಲ್ಲ. ಅನೇಕ ಬಾವಿಗಳ ನೀರಿನಲ್ಲಿ ನೈಟ್ರೇಟ್ ಮಿತಿಮೀರಿತ್ತು. ಈ ಸೀಮೆಯ ತೊಳೆನೀರು ಸಸ್ಕ್ವೆಹಾನಾ ನದಿಯ ಮೂಲಕ ಚೆಸಪೀಕ್ ಕೊಲ್ಲಿಯನ್ನು ಸೇರಿ ಅಲ್ಲಿಯ ಜಲಚರಗಳಿಗೆ ಕಂಟಕವಾಗುತ್ತದೆ. ಆ ಬಳಿಕ ಹಲವು ಅಮಿಶ್ ರೈತರು ಹಳ್ಳದ ಬದಿಗೆ ಬೇಲಿ ಹಾಕಿ ದನಗಳನ್ನು ತಡೆದಿದ್ದಾರೆ, ದಡದಲ್ಲಿ ಮರಗಳನ್ನು ನೆಟ್ಟಿದ್ದಾರೆ ಎಂಬುದನ್ನೂ ಹೇಳಬೇಕು.

ಅಹಿಂಸೆಯನ್ನು ಪರಮಧರ್ಮವೆಂದು ನಂಬಿದ ಓದುಗರಿಗೆ ಇನ್ನೊಂದು ಸಂಗತಿಯು ನೋವು ತರುತ್ತದೆ. ಅಮಿಶರು ಯುದ್ಧವನ್ನು ಒಲ್ಲರು. ಎರಡನೆಯ ಮಹಾಯುದ್ಧದ ಕಾಲದಲ್ಲಿ ಅವರ ಅನೇಕ ತರುಣರು ಸೈನ್ಯವನ್ನು ನಿರಾಕರಿಸಿ, ಅದರ ಬದಲು ಮಣ್ಣಿನ ಸಂರಕ್ಷಣೆ, ಅರಣ್ಯ ಮೊದಲಾದ ಶಿಬಿರಗಳಲ್ಲಿ ದುಡಿದರು. ಆದರೆ ಮನುಷ್ಯರಿಗೆ ತೋರಿದ ಈ ಅಭಯವು ಪಶುಗಳವರೆಗೆ ಹಬ್ಬಲಿಲ್ಲ. ಅವರು ಮಾಂಸಾಹಾರಿಗಳು, ಚಳಿಗಾಲದಲ್ಲಿ ಮನೆಯಲ್ಲಿಯೇ ಹಂದಿಯನ್ನು ಕೊಯ್ಯುವುದು ಹಲವು ಕುಟುಂಬಗಳ ವಾಡಿಕೆ. ಭೂಮಿಯು ದೇವರದು, ಮನುಷ್ಯನು ಅದರ ಮೇಲ್ವಿಚಾರಕನು ಎಂಬುದು ಅವರ ನಂಬಿಕೆ. ಮೇಲ್ವಿಚಾರಕನು ಜವಾಬ್ದಾರಿಯನ್ನು ಅರಿತವನಾಗಿರಬಹುದು; ಆದರೂ ಅವನು ಇತರ ಜೀವಿಗಳನ್ನು ಸಮಾನವಾಗಿ ಕಾಣಬೇಕೆಂದಿಲ್ಲ. ಸರಳತೆಯೊಂದರಿಂದಲೇ ಜೀವದಯೆಯು ತಾನಾಗಿ ಹುಟ್ಟುವುದಿಲ್ಲ ಎಂಬ ಪಾಠ ಇಲ್ಲಿದೆ.

ಈಗ ಆ ಸಮುದಾಯವು ದೊಡ್ಡದೊಂದು ಪರೀಕ್ಷೆಯನ್ನು ಎದುರಿಸುತ್ತಿದೆ. ಅವರ ಜನಸಂಖ್ಯೆಯು ಸುಮಾರು 20 ವರ್ಷಗಳಿಗೊಮ್ಮೆ ಇಮ್ಮಡಿಸುತ್ತದೆ; ಭೂಮಿಯು ಇಮ್ಮಡಿಸುವುದಿಲ್ಲ. ಹಳೆಯ ನೆಲೆಗಳಲ್ಲಿ ಎಕರೆಯ ಬೆಲೆಯು ತರುಣ ದಂಪತಿಗಳ ಕೈಗೆ ಎಟುಕದಷ್ಟು ಏರಿದೆ. ಕೆಲವರು ನೆಲವನ್ನು ಅರಸಿ ನ್ಯೂಯಾರ್ಕ್, ಕೆಂಟುಕಿ, ವಿಸ್ಕಾನ್ಸಿನ್ ರಾಜ್ಯಗಳಿಗೆ ಹೋಗಿದ್ದಾರೆ. ಇನ್ನು ಬಹುಮಂದಿ ಬಡಗಿ ಕೆಲಸ, ಕಟ್ಟಡ ಕೆಲಸ, ಅಂಗಡಿಗಳನ್ನು ಹಿಡಿದಿದ್ದಾರೆ; ಉತ್ತರ ಇಂಡಿಯಾನಾದಲ್ಲಿ ಮೋಟಾರುಮನೆಗಳನ್ನು ತಯಾರಿಸುವ ಕಾರ್ಖಾನೆಗಳಲ್ಲಿ ದುಡಿಯುತ್ತಿದ್ದಾರೆ. ಇಂದು ಅಮಿಶ್ ಕುಟುಂಬಗಳಲ್ಲಿ ಬೇಸಾಯದಿಂದಲೇ ಬದುಕುವವು ಅಲ್ಪಸಂಖ್ಯೆಯವು. ಹೊಲದ ಎಲ್ಲೆಯನ್ನು ಕುದುರೆಯ ದಣಿವು ಕಾಯುತ್ತಿತ್ತು. ಕೂಲಿಯ ಹಣಕ್ಕೆ ಅಂಥ ದಣಿವಿಲ್ಲ. ಅದಕ್ಕೆ ಎಲ್ಲೆಯನ್ನು ಹೊಸದಾಗಿ ಹುಡುಕಬೇಕಾಗಿದೆ.

ಆದ್ದರಿಂದ ಅಮಿಶರಿಂದ ಕಲಿಯತಕ್ಕದ್ದು ಕುದುರೆಗಾಡಿಯನ್ನಲ್ಲ, ಅವರ ಸಭೆಯ ಕ್ರಮವನ್ನು. ಒಂದು ಮಿತಿಯನ್ನು ಒಮ್ಮೆ ಸ್ವೀಕರಿಸಿದರೆ ಸಾಲದು. ಅದಕ್ಕೆ ಒಳಪಟ್ಟವರೆಲ್ಲರೂ ವರ್ಷವರ್ಷವೂ ಕುಳಿತು, ಅದು ಯಾವ ಬಾಗಿಲನ್ನು ಕಾದಿತು, ಯಾವುದನ್ನು ಮರೆಯಿತು ಎಂದು ಪರಿಶೀಲಿಸಬೇಕು. ಲ್ಯಾಂಕಾಸ್ಟರಿನವರು ಟ್ರಾಕ್ಟರಿನ ಬಾಗಿಲನ್ನು ನೂರು ವರ್ಷ ಕಾದರು; ಕೊಂಡುತಂದ ಮೇವಿನ ಬಾಗಿಲನ್ನು ಗಮನಿಸಲಿಲ್ಲ. ದೋಷವು ಮಿತಿಯ ತತ್ತ್ವದಲ್ಲಿರಲಿಲ್ಲ. ಹೊಲದ ಬೇಲಿಯ ಆಚೆಗೆ ಹರಿಯುವ ನೀರನ್ನು ಲೆಕ್ಕಕ್ಕೆ ತೆಗೆದುಕೊಳ್ಳದ ದೃಷ್ಟಿಯಲ್ಲಿತ್ತು. ಆ ಹಳ್ಳಗಳ ದಡದಲ್ಲಿ ಈಗ ನೆಟ್ಟ ಮರಗಳು, ಲೆಕ್ಕವನ್ನು ತಿದ್ದಿ ಬರೆಯಲು ಆ ಜನರು ಸಿದ್ಧರಿದ್ದಾರೆಂಬುದಕ್ಕೆ ಸಾಕ್ಷಿ.