ಇನ್ನೂರು ಹುದ್ದೆಗಳ ಲೆಕ್ಕ

ಲೆಕ್ಕದಲ್ಲಿ ಒಂದು ಕಾಸಿನ ತಪ್ಪೂ ಇಲ್ಲದೆ ಪಾಲುದಾರನೊಬ್ಬನಿಗೆ ಅನ್ಯಾಯ ಮಾಡಬಹುದೆಂಬುದು ವ್ಯಾಪಾರ ಬಲ್ಲವರಿಗೆ ತಿಳಿದ ಸಂಗತಿ. ನಾಲ್ಕು ಊರುಗಳಲ್ಲಿ ಅಂಗಡಿಯಿರುವ ಹಳೆಯ ಮನೆತನವೊಂದರಲ್ಲಿ ಒಬ್ಬನ ಪಾಲು ರೂಪಾಯಿಗೆ ಒಂದಾಣೆ ಎಂದಿರಲಿ. ಅಂಗಡಿಗೆ 12 ರೂಪಾಯಿಯಂತೆ ಬಂದ 48 ರೂಪಾಯಿ ಲಾಭವನ್ನು ಒಂದೇ ಖಾತೆಗೆ ತಂದರೆ ಅವನಿಗೆ 3 ರೂಪಾಯಿ ಸಲ್ಲುತ್ತದೆ. ಅಂಗಡಿಗೊಂದು ಖಾತೆ ತೆರೆದು, ಪೂರ್ಣ ರೂಪಾಯಿ ಆಗದ ಚಿಲ್ಲರೆಯನ್ನು ಕೊಡತಕ್ಕದ್ದಲ್ಲವೆಂದು ನಿಯಮ ಮಾಡಿದರೆ, ಪ್ರತಿ ಖಾತೆಯಲ್ಲೂ 12 ಆಣೆ ಬಿಟ್ಟುಹೋಗಿ ಅವನ ಕೈಗೆ ಸೊನ್ನೆ ಬರುತ್ತದೆ. ಅವನ ಪಾಲನ್ನು ಯಾರೂ ಕಡಿಮೆ ಮಾಡಿಲ್ಲ. ಪುಸ್ತಕದಲ್ಲಿ ಅದು ಇಂದಿಗೂ ಒಂದಾಣೆಯೇ.

ಸರ್ಕಾರಿ ಅಧ್ಯಾಪಕರ ನೇಮಕಾತಿಯ ಕುರಿತು ನ್ಯಾಯಾಲಯದಲ್ಲಿ ವ್ಯಾಜ್ಯ ಹುಟ್ಟಿದಾಗಲೆಲ್ಲ ಅದನ್ನು ಅರ್ಹತೆಗೂ ಮೀಸಲಾತಿಗೂ ನಡೆದ ಕಲಹವೆಂದು ಹೇಳುವುದು ವಾಡಿಕೆಯಾಗಿದೆ. ಆದರೆ 2017ರಿಂದ 2019ರವರೆಗೆ ದೇಶದ ಕೇಂದ್ರೀಯ ವಿಶ್ವವಿದ್ಯಾನಿಲಯಗಳನ್ನು ಕದಡಿದ ವ್ಯಾಜ್ಯದಲ್ಲಿ ಯಾರ ಅಂಕವೂ ಪ್ರಶ್ನೆಗೆ ಒಳಗಾಗಿರಲಿಲ್ಲ. ಎಣಿಕೆಯನ್ನು ಎಲ್ಲಿಂದ ಆರಂಭಿಸಬೇಕು ಎಂಬುದಷ್ಟೇ ಅಲ್ಲಿನ ವಿವಾದ.

ಮೀಸಲು ಹುದ್ದೆಗಳನ್ನು ಗುರುತಿಸಲು ರೋಸ್ಟರ್ ಎಂಬ ಪಟ್ಟಿ ಇರುತ್ತದೆ. ಪರಿಶಿಷ್ಟ ಜಾತಿಗೆ ನೂರಕ್ಕೆ 15, ಪರಿಶಿಷ್ಟ ಪಂಗಡಕ್ಕೆ ಏಳೂವರೆ, ಇತರ ಹಿಂದುಳಿದ ವರ್ಗಕ್ಕೆ 27. ಅರ್ಧ ಹುದ್ದೆಗೆ ಯಾರನ್ನೂ ನೇಮಿಸಲಾಗದಾದ್ದರಿಂದ ಪಾಲು ಕೂಡುತ್ತ ಬಂದು ಒಂದು ಪೂರ್ಣವಾದ ಸ್ಥಾನದಲ್ಲಿ ಆ ವರ್ಗದ ಹೆಸರು ಬರೆಯುತ್ತಾರೆ. ಹೀಗೆ ನಾಲ್ಕನೆಯ ಹುದ್ದೆ ಹಿಂದುಳಿದ ವರ್ಗಕ್ಕೆ, ಏಳನೆಯದು ಪರಿಶಿಷ್ಟ ಜಾತಿಗೆ, ಹದಿನಾಲ್ಕನೆಯದು ಪರಿಶಿಷ್ಟ ಪಂಗಡಕ್ಕೆ ಬೀಳುತ್ತದೆ. 200 ಹುದ್ದೆಗಳವರೆಗೆ ನಡೆದರೆ ಕ್ರಮವಾಗಿ 54, 30, 15, ಒಟ್ಟು 99. 2019ರ ಆರಂಭದವರೆಗೆ ಉಳಿದ 101 ಎಲ್ಲರಿಗೂ ಮುಕ್ತವಾಗಿದ್ದವು. ಮೀಸಲು ಅರ್ಧವನ್ನು ಮೀರಬಾರದೆಂಬ ಮಾತು ಮೂಡಿದ್ದು 1962ರಲ್ಲಿ, ಅಂದಿನ ಮೈಸೂರು ರಾಜ್ಯದ ಶೇಕಡಾ 68ರ ಮೀಸಲಾತಿಯನ್ನು ತಳ್ಳಿಹಾಕಿದ ಬಾಲಾಜಿ ಪ್ರಕರಣದಲ್ಲಿ. 1992ರಲ್ಲಿ ಒಂಬತ್ತು ನ್ಯಾಯಮೂರ್ತಿಗಳ ಪೀಠ ಅದನ್ನು ದೃಢಪಡಿಸಿತು.

ಬನಾರಸ್ ಹಿಂದೂ ವಿಶ್ವವಿದ್ಯಾನಿಲಯದ ನೇಮಕಾತಿ ಪ್ರಕಟಣೆಯೊಂದರಿಂದ ಹುಟ್ಟಿದ ದಾವೆಯಲ್ಲಿ ಅಲಹಾಬಾದ್ ಉಚ್ಚ ನ್ಯಾಯಾಲಯವು 2017ರ ಏಪ್ರಿಲ್‌ನಲ್ಲಿ, ಇಡೀ ವಿಶ್ವವಿದ್ಯಾನಿಲಯವನ್ನು ಒಂದು ಘಟಕವಾಗಿ ಎಣಿಸುವುದು ಸಲ್ಲದು, ವಿಭಾಗವೊಂದೊಂದೂ ಪ್ರತ್ಯೇಕ ಘಟಕವಾಗಬೇಕು ಎಂದಿತು. ಈ ಅಭಿಪ್ರಾಯವನ್ನು ಹಗುರವಾಗಿ ಕಾಣುವಂತಿಲ್ಲ. ಸಂಸ್ಕೃತದ ಅಧ್ಯಾಪಕನನ್ನು ರಸಾಯನಶಾಸ್ತ್ರಕ್ಕೆ ವರ್ಗಾಯಿಸಲಾಗದು. ಅವರಿಬ್ಬರೂ ಒಂದೇ ಹುದ್ದೆಗೆ ಸ್ಪರ್ಧಿಗಳೂ ಅಲ್ಲ. ಒಟ್ಟಾಗಿ ಎಣಿಸಿದರೆ ಒಂದು ವಿಭಾಗದ ಹುದ್ದೆಗಳೆಲ್ಲ ಮೀಸಲಾಗಿ, ಮತ್ತೊಂದರಲ್ಲಿ ಒಂದೂ ಇಲ್ಲದಂತಾಗಬಹುದು. ಕರ್ನಾಟಕ ಸರ್ಕಾರಕ್ಕೂ ಗೋವಿಂದಪ್ಪ ಎಂಬುವರಿಗೂ ನಡೆದ, 2009ರ ಕಾನೂನು ವರದಿಗಳಲ್ಲಿ ಅಚ್ಚಾದ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವೂ ಇದೇ ಸರಣಿಯಲ್ಲಿ ವಿಚಾರಮಾಡಿ, ಒಂದು ವಿಷಯಕ್ಕೆ ಒಂದೇ ಉಪನ್ಯಾಸಕ ಹುದ್ದೆಯಿದ್ದಲ್ಲಿ ಅದನ್ನು ಮೀಸಲಿಡುವುದೆಂದರೆ ನೂರಕ್ಕೆ ನೂರು ಮೀಸಲಾತಿ ಎಂದಿತ್ತು.

2018ರ ಮಾರ್ಚ್‌ನಲ್ಲಿ ವಿಶ್ವವಿದ್ಯಾನಿಲಯ ಧನಸಹಾಯ ಆಯೋಗವು ವಿಭಾಗವೇ ಘಟಕವೆಂದು ಆದೇಶ ಹೊರಡಿಸಿತು. ಇನ್ನು ಲೆಕ್ಕ ನೋಡಬೇಕು. ವಿಭಾಗಕ್ಕೆ ಐದರಂತೆ 40 ವಿಭಾಗಗಳಲ್ಲಿ 200 ಸಹಾಯಕ ಪ್ರಾಧ್ಯಾಪಕರ ಹುದ್ದೆಗಳಿವೆಯೆನ್ನಿ. ಹಿಂದಿನ ಎಣಿಕೆಯಂತೆ ಮೀಸಲು 99. ಹೊಸ ಎಣಿಕೆಯಲ್ಲಿ ಪ್ರತಿ ವಿಭಾಗದ ನಾಲ್ಕನೆಯ ಹುದ್ದೆ ಮಾತ್ರ ಹಿಂದುಳಿದ ವರ್ಗಕ್ಕೆ ಸೇರಿ 40 ಆಗುತ್ತದೆ. ಏಳನೆಯ ಸ್ಥಾನವನ್ನು ಯಾವ ವಿಭಾಗವೂ ಮುಟ್ಟದ ಕಾರಣ ಪರಿಶಿಷ್ಟ ಜಾತಿಗೆ ಸೊನ್ನೆ, ಪರಿಶಿಷ್ಟ ಪಂಗಡಕ್ಕೆ ಸೊನ್ನೆ. ಕಾಗದದ ಮೇಲೆ 15 ಮತ್ತು ಏಳೂವರೆ ಹಾಗೆಯೇ ಇವೆ.

ಚಿಕ್ಕ ಘಟಕದಲ್ಲಿ ಹುದ್ದೆ ತೆರವಾದಂತೆ ಸ್ಥಾನ ಮುಂದೆ ಸರಿಯುತ್ತದೆ, ಕಾದರೆ ಸರದಿ ಬರುತ್ತದೆ ಎಂಬ ಸಮಾಧಾನವೂ ಇತ್ತು. ಅದು ಸುಳ್ಳಲ್ಲ. ಐದು ಹುದ್ದೆಗಳ ವಿಭಾಗದಲ್ಲಿ ಎರಡನೆಯ ತೆರವು ಪರಿಶಿಷ್ಟ ಜಾತಿಗೂ ಒಂಬತ್ತನೆಯದು ಪರಿಶಿಷ್ಟ ಪಂಗಡಕ್ಕೂ ಸಲ್ಲುತ್ತದೆ. ಮೂವತ್ತರಲ್ಲಿ ಸೇರಿದ ಅಧ್ಯಾಪಕರು ಅರವತ್ತೈದಕ್ಕೆ ನಿವೃತ್ತರಾಗುವರೆಂದರೆ, ಸರಾಸರಿ ಏಳು ವರ್ಷಕ್ಕೊಂದು ತೆರವು. ಒಂಬತ್ತನೆಯದಕ್ಕೆ 63 ವರ್ಷ. ಮಗನ ಹೆಸರಿನಲ್ಲಿ ಅರ್ಜಿ ಬರೆದಿಟ್ಟರೂ ಅವನ ಮಗನ ಕಾಲಕ್ಕೆ ಕರೆ ಬಂದೀತು.

ಕೇಂದ್ರ ಸರ್ಕಾರ ಮೇಲ್ಮನವಿ ಸಲ್ಲಿಸಿತು. 2018ರ ಜುಲೈನಲ್ಲಿ ನೇಮಕಾತಿಗಳನ್ನು ತಡೆಹಿಡಿಯಲಾಯಿತು. ಈ ತಡೆಯ ನೋವು ಯಾವ ವರ್ಗವನ್ನೂ ಬಿಡಲಿಲ್ಲ. ದೆಹಲಿ ವಿಶ್ವವಿದ್ಯಾನಿಲಯದ ಕಾಲೇಜುಗಳಲ್ಲಿ ನಾಲ್ಕು ನಾಲ್ಕು ತಿಂಗಳ ತಾತ್ಕಾಲಿಕ ಆದೇಶದ ಮೇಲೆ ವರ್ಷಗಟ್ಟಲೆ ಪಾಠ ಹೇಳುತ್ತಿದ್ದವರು ಇನ್ನಷ್ಟು ಕಾಲ ಹಾಗೆಯೇ ಉಳಿದರು. 2019ರ ಜನವರಿ 22ರಂದು ಸರ್ವೋಚ್ಚ ನ್ಯಾಯಾಲಯ ಮೇಲ್ಮನವಿಯನ್ನು ವಜಾ ಮಾಡಿತು. ಬೀದಿಯಲ್ಲಿ ಪ್ರತಿಭಟನೆಗಳು ನಡೆದವು. ಮಾರ್ಚ್ 7ರಂದು ಸುಗ್ರೀವಾಜ್ಞೆ, ಜುಲೈನಲ್ಲಿ ಸಂಸತ್ತಿನ ಕಾಯಿದೆ: ಕೇಂದ್ರೀಯ ಶಿಕ್ಷಣ ಸಂಸ್ಥೆಯೊಂದು ಮೀಸಲಾತಿಯ ಎಣಿಕೆಗೆ ಒಂದೇ ಘಟಕ. ಅಲ್ಪಸಂಖ್ಯಾತ ವಿದ್ಯಾಸಂಸ್ಥೆಗಳನ್ನು ಆ ಕಾಯಿದೆ ಹೊರಗಿರಿಸಿದೆ; 2014ರಲ್ಲಿ ರಾಷ್ಟ್ರಮಟ್ಟದಲ್ಲಿ ಆ ಮಾನ್ಯತೆ ಪಡೆದ ಸಮಾಜದವರು ಇದನ್ನೂ ಓದಿ ತಿಳಿದಿರುವುದು ಒಳ್ಳೆಯದು.

ಉಚ್ಚ ನ್ಯಾಯಾಲಯ ತೋರಿಸಿದ ದೋಷ ಇದರಿಂದ ಮಾಯವಾಗಲಿಲ್ಲ. ಎರಡೇ ಹುದ್ದೆಗಳ ವಿಭಾಗದಲ್ಲಿ ಎರಡೂ ಮೀಸಲಾದರೆ, ಆ ವಿಷಯವನ್ನೇ ಬಾಳಿನ ವ್ರತವಾಗಿಸಿಕೊಂಡ ಇತರ ಅಭ್ಯರ್ಥಿಗೆ ಅಲ್ಲಿ ಬಾಗಿಲಿಲ್ಲ. ಅದು ನಿಜವಾದ ಕಷ್ಟ. ಆದರೆ ಎರಡು ಕಷ್ಟಗಳ ತೂಕ ಒಂದಲ್ಲ. ಒಂದು ವಿಭಾಗದಲ್ಲಿ ಮುಚ್ಚಿದ ಬಾಗಿಲು ಇನ್ನೊಂದರಲ್ಲಿ ತೆರೆದಿರುತ್ತದೆ, ಮುಕ್ತ ಹುದ್ದೆಗಳ ಮೊತ್ತ ಕುಗ್ಗುವುದಿಲ್ಲ. ಮತ್ತೊಂದು ಎಣಿಕೆಯಲ್ಲಿ ಮೂವತ್ತೂ ಹದಿನೈದೂ ಎಲ್ಲಿಗೂ ಸರಿಯದೆ ಅಳಿದೇಹೋಗುತ್ತವೆ.

ಇನ್ನು ಅರ್ಹತೆಯ ಮಾತು. 2018ರ ಆಯೋಗದ ನಿಯಮಾವಳಿಯಲ್ಲಿ ವಿಶ್ವವಿದ್ಯಾನಿಲಯದ ಸಹಾಯಕ ಪ್ರಾಧ್ಯಾಪಕ ಹುದ್ದೆಗೆ ಪದವಿ, ಸಂಶೋಧನೆ, ಪ್ರಕಟಣೆಗಳ ಅಂಕಗಳು ಅಭ್ಯರ್ಥಿಯನ್ನು ಸಂದರ್ಶನದ ಕೋಣೆಯವರೆಗೆ ಮಾತ್ರ ತಂದುಬಿಡುತ್ತವೆ. ಆಯ್ಕೆ ಸಂದರ್ಶನದ ಮೇಲೆಯೇ. ಅಂಕಪಟ್ಟಿಯ ಹೆಸರಿನಲ್ಲಿ ವಾದಿಸುವವರು ಇದರ ಬಗ್ಗೆ ಅಷ್ಟಾಗಿ ಮಾತನಾಡುವುದಿಲ್ಲ. ಸಂದರ್ಶನದ ಕೊನೆಗೆ ಮೀಸಲು ಹುದ್ದೆಯ ಮುಂದೆ ‘ಯೋಗ್ಯರು ಯಾರೂ ದೊರೆಯಲಿಲ್ಲ’ ಎಂದು ಬರೆಯುವ ರೂಢಿಯ ಕುರಿತ ದೂರು ಸಂಸತ್ತಿನಲ್ಲಿಯೂ ಕೇಳಿಬಂದಿದೆ. ಹಾಗೆ ಬರೆದ ಹುದ್ದೆ ರೋಸ್ಟರಿನ ಪುಸ್ತಕದಲ್ಲಿ ಅದೇ ವರ್ಗದ ಹೆಸರಿನಲ್ಲಿ ಬಾಕಿ ನಿಲ್ಲುತ್ತದೆ, ಮುಂದಿನ ಪ್ರಕಟಣೆಗೆ ಹೋಗುತ್ತದೆ. ಅಲ್ಲಿಯವರೆಗೆ ಆ ತರಗತಿಗೆ ಗಂಟೆಯ ಲೆಕ್ಕದಲ್ಲಿ ಸಂಬಳ ಪಡೆಯುವ ಅತಿಥಿ ಅಧ್ಯಾಪಕರೊಬ್ಬರು ಬಂದು ಪಾಠ ಮಾಡಿ ಹೋಗುತ್ತಾರೆ.