ಗೆಳೆಯರು ಮುಚ್ಚಿಟ್ಟ ಮಾತು



2023ರಲ್ಲಿ ಬಂದ ‘ಸ್ಪೈಡರ್-ಮ್ಯಾನ್: ಅಕ್ರಾಸ್ ದಿ ಸ್ಪೈಡರ್-ವರ್ಸ್’ ಅನಿಮೇಷನ್ ಚಿತ್ರ ನಮ್ಮ ದೇಶದಲ್ಲಿ ಕನ್ನಡ, ತಮಿಳು ಸೇರಿ 10 ಭಾಷೆಗಳಲ್ಲಿ ಬಿಡುಗಡೆಯಾಯಿತು. ಮನೆಯಲ್ಲಿ ಕನ್ನಡ, ಶಾಲೆಯಲ್ಲಿ ತಮಿಳು ಆಡುವ ಕೊಯಮತ್ತೂರು, ತಿರುಪ್ಪೂರಿನ ನಮ್ಮಂಥವರಿಗೆ ಅದರ ನಾಯಕ ಮೈಲ್ಸ್ ಬೇಗ ಹತ್ತಿರವಾಗುತ್ತಾನೆ. ಅವನ ಮನೆಯಲ್ಲೂ ಎರಡು ಭಾಷೆ.

ಚಿತ್ರದಲ್ಲಿ ಸ್ಪೈಡರ್-ಮ್ಯಾನ್‌ಗಳದ್ದೇ ಒಂದು ದೊಡ್ಡ ಸಂಘವಿದೆ. ಮೈಲ್ಸ್‌ನ ಗೆಳತಿ ಗ್ವೆನ್, ಗುರುವಿನಂತಿದ್ದ ಪೀಟರ್ ಇಬ್ಬರೂ ಅದರಲ್ಲಿದ್ದಾರೆ. ತನ್ನನ್ನೂ ಸೇರಿಸಿಕೊಳ್ಳುತ್ತಾರೆಂಬ ಆಸೆಯಿಂದ ಅವನು ಅಲ್ಲಿಗೆ ಹೋಗುತ್ತಾನೆ. ಸಂಘದ ನಾಯಕ ಮಿಗೆಲ್ ಹೇಳುವುದೇ ಬೇರೆ: ಪೊಲೀಸ್ ಅಧಿಕಾರಿಯಾದ ನಿನ್ನ ತಂದೆ ಸಾಯಲಿದ್ದಾರೆ, ಅದನ್ನು ನೀನು ತಡೆಯಬಾರದು, ನೀನು ಸ್ಪೈಡರ್-ಮ್ಯಾನ್ ಆಗಬೇಕಾದವನೇ ಅಲ್ಲ. ಇದಕ್ಕಿಂತಲೂ ನೋಯಿಸುವ ಸಂಗತಿಯೆಂದರೆ, ತಂದೆಯ ವಿಷಯ ಗ್ವೆನ್‌ಗೂ ಪೀಟರ್‌ಗೂ ಮೊದಲೇ ಗೊತ್ತಿತ್ತು.

ಅವರು ಕೆಟ್ಟವರಲ್ಲ. ಇಂಥ ಸುದ್ದಿಯನ್ನು ಹೇಗೆ ಹೇಳುವುದೆಂದು ತಿಳಿಯದೆ ಮುಚ್ಚಿಟ್ಟರು. ಆದರೆ ಅವನ ಬದುಕಿನ ವಿಷಯವನ್ನು ಅವನನ್ನು ಕೇಳದೆಯೇ ತೀರ್ಮಾನಿಸಿದಂತಾಯಿತು.

ನಮ್ಮ ನಡುವೆಯೂ ಇಂಥದ್ದು ನಡೆಯುತ್ತದೆ. ಬನಿಯನ್ ಕಂಪನಿಯಲ್ಲಿ ಆರ್ಡರ್ ಕಡಿಮೆಯಾದ ತಿಂಗಳು ಒಬ್ಬನ ಮನೆಯಲ್ಲಿ ದುಡ್ಡಿಗೆ ಕಷ್ಟ. ‘ಪಾಪ, ಅವನನ್ನು ಕೇಳಿ ಯಾಕೆ ಮುಜುಗರ ಮಾಡುವುದು’ ಎಂದು ಉಳಿದವರು ವೇಳಾಂಕಣಿ ಯಾತ್ರೆಯ ಸುದ್ದಿಯನ್ನೇ ಅವನಿಗೆ ತಿಳಿಸುವುದಿಲ್ಲ. ಅವನಿಲ್ಲದ ಇನ್ನೊಂದು ವಾಟ್ಸಾಪ್ ಗ್ರೂಪ್ ಶುರುವಾಗುತ್ತದೆ. ಸ್ಟೇಟಸ್‌ನಲ್ಲಿ ಫೋಟೊ ಬಂದಾಗಲೇ ಅವನಿಗೆ ಗೊತ್ತಾಗುವುದು. ಅವರ ಕನಿಕರ ಅವನಿಗೆ ತಿರಸ್ಕಾರವಾಗಿ ಕಾಣುತ್ತದೆ. ಹೇಗೋ ಹೊಂದಿಸಿಕೊಂಡು ಬರುತ್ತೇನೆ ಎನ್ನುವ ಅವಕಾಶವೂ ಅವನಿಗೆ ಸಿಗಲಿಲ್ಲವಲ್ಲ!

ಚಿತ್ರದ ಕೊನೆಯಲ್ಲಿ ಗ್ವೆನ್ ಏನು ಮಾಡುತ್ತಾಳೆ ನೋಡಿ. ಮೈಲ್ಸ್‌ನ ಮನೆಗೆ ಹೋಗಿ ಅವನ ತಂದೆತಾಯಿಗೆ ಮುಖ ತೋರಿಸುತ್ತಾಳೆ. ಆಮೇಲೆ ಗೆಳೆಯರನ್ನು ಕೂಡಿಸಿಕೊಂಡು ಅವನನ್ನು ಹುಡುಕಲು ಹೊರಡುತ್ತಾಳೆ.

ಶುಭಸಂದೇಶದಲ್ಲಿ ಹುಡುಕಿಕೊಂಡು ಬರುವವರು ನೋವುಂಡ ಯೇಸುಸ್ವಾಮಿಯೇ. ಮೂರು ಸಲ ತಮ್ಮನ್ನು ಅರಿಯೆನೆಂದ ಪೇತ್ರನಿಗೆ ಸರೋವರದ ದಡದಲ್ಲಿ ರೊಟ್ಟಿ, ಮೀನು ಕೊಡುತ್ತಾರೆ. ಬಳಿಕ ತಮ್ಮ ಮೇಲೆ ಪ್ರೀತಿಯಿದೆಯೇ ಎಂದು ಮೂರು ಸಲ ಕೇಳುತ್ತಾರೆ (ಯೊವಾನ್ನ 21). ನಡೆದದ್ದನ್ನು ಮುಚ್ಚಿಡಲಿಲ್ಲ, ಗೆಳೆಯನನ್ನು ಬಿಡಲೂ ಇಲ್ಲ.

ಯಾತ್ರೆಯಾಗಲಿ, ಕ್ರಿಸ್ಮಸ್ ನಾಟಕವಾಗಲಿ, ಒಬ್ಬರನ್ನು ಬಿಡುವ ಮುನ್ನ ಅವರನ್ನೇ ಕೇಳೋಣ. ಯಾರಾದರೂ ಹೊರಗುಳಿದಿದ್ದರೆ ಅವರ ಮನೆಗೇ ಹೋಗಿ ಮಾತನಾಡೋಣ. ಹೊರಗುಳಿದವರು ನೀವೇ ಆಗಿದ್ದರೆ, ಗ್ರೂಪ್ ಬಿಡುವ ಮುನ್ನ ಒಬ್ಬರಿಗಾದರೂ ‘ನನಗೆ ನೋವಾಯಿತು’ ಎಂದು ಹೇಳಿ.