ಇಪ್ಪತ್ತೆಂಟೋ, ಇಪ್ಪತ್ತನಾಲ್ಕೋ?

ನನ್ನ ಮಗಳ ಕೆಲಸ ಏನೆಂದು ಕೇಳಿದವರಿಗೆ ಉತ್ತರ ಹೇಳುವುದು ನನಗೆ ಬಹಳ ದಿನ ಕಷ್ಟವಾಗಿತ್ತು. "ಮೆಡಿಕಲ್ ಕೋಡಿಂಗ್" ಎಂದರೆ ವಿದ್ಯಾನಗರದ ನಮ್ಮ ಬೀದಿಯ ಅರ್ಧ ಜನ ಅವಳನ್ನು ಡಾಕ್ಟರೆಂದುಕೊಂಡರು, ಉಳಿದರ್ಧ ಇಂಜಿನಿಯರೆಂದುಕೊಂಡರು. ಎರಡೂ ಅಲ್ಲ. ಅಮೆರಿಕದ ಆಸ್ಪತ್ರೆಗಳಲ್ಲಿ ಡಾಕ್ಟರು ಬರೆದಿಟ್ಟ ರೋಗಿಯ ಕಥೆಯನ್ನು ಓದಿ, ಅದನ್ನು ಅಕ್ಷರ, ಅಂಕಿಗಳ ಸಂಕೇತಕ್ಕೆ ಇಳಿಸುವುದು ಅವಳ ಕೆಲಸ. ಆ ಸಂಕೇತ ನೋಡಿ ವಿಮೆಯವರು ದುಡ್ಡು ಕೊಡುತ್ತಾರೆ. 2020ರ ಲಾಕ್‌ಡೌನಿನಲ್ಲಿ ಬೆಂಗಳೂರಿನಿಂದ ಬಂದು ಹಿಂದಿನ ಕೋಣೆಯಲ್ಲಿ ಬಾಗಿಲು ಹಾಕಿಕೊಂಡು ಕೂತವಳು ಈಗಲೂ ಅಲ್ಲೇ ಕೂತಿದ್ದಾಳೆ. ರೋಗಿಗಳ ವಿಷಯ ಯಾರೂ ನೋಡುವಂತಿಲ್ಲವಂತೆ. ಕಾಫಿ ಕೊಡಲು ಹೋದರೂ ಪರದೆ ಕಪ್ಪಾಗುತ್ತದೆ.

ಆದರೆ ಸಂಕೇತಗಳ ಪುಸ್ತಕವೇನೂ ಗುಟ್ಟಲ್ಲ. ಮೊನ್ನೆ ಮಳೆ ಹಿಡಿದು ನನ್ನ ಎಡಗಾಲು ಎಂದಿನಂತೆ ಜಗಿಯತೊಡಗಿದಾಗ, "ಸ್ಕೂಟರಿನಿಂದ ಬಿದ್ದರೂ ಒಂದು ನಂಬರಿದೆಯೇನೇ?" ಎಂದು ಕೇಳಿದೆ.

"ಒಂದಲ್ಲಮ್ಮ, ರಾಶಿ ಇವೆ" ಎಂದಳು.

ಮುರಿದ ಮೂಳೆಗೆ ಒಂದು ಸಂಕೇತ, ಮುರಿದದ್ದು ಹೇಗೆ ಎಂಬುದಕ್ಕೆ ಇನ್ನೊಂದು. ವಿಶ್ವ ಆರೋಗ್ಯ ಸಂಸ್ಥೆ 1990ರಲ್ಲಿ ಒಪ್ಪಿದ ಪಟ್ಟಿಯಂತೆ. ಅಮೆರಿಕದವರು ಅದನ್ನೇ ಹಿಗ್ಗಿಸಿಕೊಂಡು 2015ರ ಅಕ್ಟೋಬರಿನಿಂದ ಬಳಸುತ್ತಿದ್ದಾರೆ. ಅಲ್ಲಿ ಬರಿಯ ಸ್ಕೂಟರೆಂದರೆ ಮಕ್ಕಳು ಕಾಲಿನಿಂದ ನೆಲ ಒದ್ದು ಓಡಿಸುವ ಆಟಿಕೆಯೂ ಆಗಬಹುದು. ನಮ್ಮ ಪೆಟ್ರೋಲ್ ಸ್ಕೂಟರು ಮೋಟಾರ್‌ಸೈಕಲ್ಲಿನ ಮನೆಯಲ್ಲೇ ಸೇರಿದೆ, ವಿ 20ರಿಂದ 29ರವರೆಗೆ. ಆಟೋ ತಾಗಿದರೆ 22, ಕಾರಾದರೆ 23, ಲಾರಿಯೋ ಬಸ್ಸೋ ಆದರೆ 24. ದಾರಿಗಡ್ಡ ಬಂದ ಎತ್ತಿಗೆ 20. ಅದೇ ಎತ್ತನ್ನು ಗಾಡಿಗೆ ಕಟ್ಟಿದ್ದರೆ 26! ಯಾವುದೂ ತಾಗದೆ ತಾನಾಗಿ ಬಿದ್ದರೆ 28. ಚುಕ್ಕಿಯ ಆಚೆಗೆ, ರಸ್ತೆಯಲ್ಲಿ ಓಡಿಸುತ್ತಿದ್ದವರಿಗೆ 4, ಹಿಂದೆ ಕೂತವರಿಗೆ 5. ನನಗೆ ನಗು ಬಂತು. ಗಂಡನ ಹಿಂದೆ ಕೂತು ಬಿದ್ದ ಹೆಂಗಸರೆಲ್ಲ ಒಂದು ಐದರಲ್ಲಿ ಮುಗಿದೆವು.

"ನನಗೊಂದು ಹಾಕು ನೋಡೋಣ" ಎಂದೆ.

1993ರ ಮಾತು. ಭದ್ರಾವತಿಯಲ್ಲಿ ದೊಡ್ಡ ನಾದಿನಿಯ ಮನೆಯ ಮದುವೆ ಮುಗಿಸಿ ಚೇತಕ್ ಸ್ಕೂಟರಿನಲ್ಲಿ ಬಿ.ಎಚ್. ರಸ್ತೆ ಹಿಡಿದು ಬರುತ್ತಿದ್ದೆವು. ಮಲವಗೊಪ್ಪದ ಹತ್ತಿರ ಬಿದ್ದೆವು. ಅವರಿಗೆ ಮೊಣಕೈ ತರಚಿತು, ನನಗೆ ಮೊಣಕಾಲಿನ ಕೆಳಗೆ ಮೂಳೆ ಮುರಿಯಿತು. ಆಸ್ಪತ್ರೆಯಲ್ಲಿ ಡಾಕ್ಟರು ಕೇಳಿದ್ದು ಅವರನ್ನು. "ಸೆರಗು ಚಕ್ರಕ್ಕೆ ಸಿಕ್ಕಿತು, ಆಯತಪ್ಪಿ ಬಿದ್ದಳು" ಎಂದು ಅವರು ಹೇಳಿದರು, ಹಾಗೇ ಬರೆಯಲಾಯಿತು. ಆಮೇಲೆ ಪರಿಹಾರವೇನಾದರೂ ಸಿಕ್ಕೀತೇ ಎಂದು ಓಡಾಡಿದ ನನ್ನಣ್ಣನಿಗೆ ವಕೀಲರು ಆ ಒಂದು ಸಾಲು ತೋರಿಸಿ ವಾಪಸು ಕಳಿಸಿದರು. ಅಂದಿನಿಂದ ನಮ್ಮ ಬಳಗದಲ್ಲಿ ಯಾವ ಹೊಸ ಸೊಸೆ ಸ್ಕೂಟರು ಹತ್ತಿದರೂ, "ಸೆರಗು ಸಿಕ್ಕಿಸಿಕೊಳ್ಳಮ್ಮಾ, ವಿದ್ಯಾನಗರದವಳ ಕಥೆ ಗೊತ್ತಲ್ಲ" ಎಂಬ ಬುದ್ಧಿವಾದ.

"ಸೀರೆ ಹರಿದಿತ್ತಾ?" ಎಂದಳು ಮಗಳು.

ಈ ಪ್ರಶ್ನೆಯನ್ನು ಯಾರೂ ಕೇಳಿರಲಿಲ್ಲ. ಹರಿದಿರಲಿಲ್ಲ. ಆ ಹಸಿರು ರೇಷ್ಮೆ ಇನ್ನೂ ಬೀರುವಿನಲ್ಲಿದೆ. ಅಂಚಿನಲ್ಲಿ ಕಲೆಯಿದೆ, ಸೆರಗಿನ ಒಂದು ನೂಲೂ ಜಗ್ಗಿಲ್ಲ. ಚೇತಕ್ಕಿನ ಹಿಂಚಕ್ರ ಬಹುಪಾಲು ತಗಡಿನೊಳಗೇ ಇರುತ್ತಿತ್ತು. ಹಿಂದೆ ಕೂತವರ ಬಟ್ಟೆ ಸಿಕ್ಕಬಾರದೆಂದು ಅರ್ಧ ಚಕ್ರವಾದರೂ ಮುಚ್ಚಿರಬೇಕೆಂದು 1989ರ ಕೇಂದ್ರ ಮೋಟಾರು ವಾಹನ ನಿಯಮಗಳಲ್ಲೇ ಇದೆ, 123ನೆಯ ನಿಯಮ.

"ಮತ್ತೆ ನಿನಗೇನು ಕಂಡಿತು?"

ಏನು ಕಾಣಬೇಕು ಹೇಳಿ. ಸೀರೆಯುಟ್ಟು ಒಂದೇ ಬದಿಗೆ ಕಾಲು ಹಾಕಿ ಕೂತವಳಿಗೆ ಕಾಣುವುದು ರಸ್ತೆಯ ಎಡಗಡೆ ಮಾತ್ರ. ನಾನು ನೋಡುತ್ತಿದ್ದುದು ಗದ್ದೆ, ಗದ್ದೆಯಲ್ಲಿ ಬೆಳ್ಳಕ್ಕಿ. ಬೆನ್ನ ಹಿಂದೆ ಒಂದು ದೊಡ್ಡ ಹಾರ್ನು ಕೇಳಿತು, ಬಿಸಿ ಗಾಳಿ ಬಡಿಯಿತು, ಸ್ಕೂಟರು ಒಮ್ಮೆ ನಡುಗಿತು. ಆಮೇಲೆ ನೆಲ. ಎಷ್ಟೋ ಸಲ ಇದನ್ನು ಹೇಳಲು ಹೊರಟು, "ನೀನು ನೋಡಿದೆಯಾ?" ಎಂದರೆ ಸುಮ್ಮನಾಗಿದ್ದೇನೆ.

"ಕಾಗದದ ಪ್ರಕಾರ ನಿನ್ನದು ವಿ 28.5. ನೀನು ಹೇಳುವ ಪ್ರಕಾರ 24.5" ಎಂದಳು. "ಆದರೆ ನಾನು ಊಹಿಸಿ ಹಾಕುವಂತಿಲ್ಲ. ಅನುಮಾನ ಬಂದರೆ ಬರೆದವರಿಗೆ ಪ್ರಶ್ನೆ ಕಳಿಸುತ್ತೇವೆ, ಅವರು ತಿದ್ದಿದರೆ ಸರಿ."

ಬರೆದ ಡಾಕ್ಟರು ಎಲ್ಲಿದ್ದಾರೋ. ಬರೆಸಿದವರು ಹಜಾರದ ಆರಾಮಕುರ್ಚಿಯಲ್ಲಿ ಪೇಪರು ಹಿಡಿದಿದ್ದರು. ಬಹಳ ಹೊತ್ತಿನಿಂದ ಹಾಳೆ ತಿರುಗಿಸಿದ ಸದ್ದಿರಲಿಲ್ಲ. ಹೋಗಿ ಎದುರಿಗೆ ನಿಂತು ಕೇಳಿದೆ, "ಅವತ್ತು ಲಾರಿ ತಾಗಿತ್ತೇ?"

"ಹ್ಯಾಂಡಲ್ಲಿಗೆ ತಾಗಿತು. ಕಬ್ಬಿನ ಲಾರಿ. ನಿಲ್ಲಿಸಲೇ ಇಲ್ಲ" ಎಂದರು. ಸ್ವಲ್ಪ ಹೊತ್ತು ಬಿಟ್ಟು, "ನನ್ನ ಲೈಸೆನ್ಸಿನ ಅವಧಿ ಮುಗಿದಿತ್ತು. ಲಾರಿ ಅಂದರೆ ಪೊಲೀಸ್ ಸ್ಟೇಷನ್ನು, ಕೋರ್ಟು... ನಿನಗೆ ಗೊತ್ತಿತ್ತು ಅಂದುಕೊಂಡಿದ್ದೆ" ಎಂದರು.

ಗೊತ್ತಿರಲಿಲ್ಲ. ಮೂವತ್ತು ವರ್ಷದ ಮೇಲೂ ಮದುವೆಮನೆಗಳಲ್ಲಿ ನನ್ನ ಸೆರಗಿನ ಅಜಾಗರೂಕತೆಗೆ ನಾನೇ ತಲೆದೂಗಿ ನಕ್ಕಿದ್ದೇನೆ. ಸಿಟ್ಟು ಬಂತು ಎಂದರೆ ಕಡಿಮೆಯಾದೀತು. ಕಾಲು ಮುರಿದುದಕ್ಕಲ್ಲ, ನಕ್ಕುದಕ್ಕೆ.

ಅಮೆರಿಕದ ಸಂಕೇತದ ಕೊನೆಗೆ ಇನ್ನೊಂದು ಅಕ್ಷರವಿರುತ್ತದಂತೆ: ಗಾಯಕ್ಕೆ ಚಿಕಿತ್ಸೆ ನಡೆಯುತ್ತಿರುವಾಗ ಎ, ಅದು ವಾಸಿಯಾಗುತ್ತಿರುವಾಗ ಡಿ, ವರ್ಷಗಳಾದರೂ ಉಳಿದುಕೊಂಡ ನೋವಿಗೆ ಎಸ್. ನನ್ನದು ಎಸ್ ಎಂದಳು ಮಗಳು.

"ದೊಡ್ಡ ನಾದಿನಿಗೆ ಫೋನ್ ಮಾಡಿ ನೀವೇ ಹೇಳಿ" ಎಂದು ನಮ್ಮವರಿಗೆ ಹೇಳಿದ್ದೇನೆ. "ನಾಳೆ ಮಾಡುತ್ತೇನೆ" ಎಂದರು. ಹಾಗೆಂದು ಇವತ್ತಿಗೆ ನಾಲ್ಕು ದಿನ. ದಿನವೂ ಬೆಳಗ್ಗೆ ಅವರ ಫೋನನ್ನು ಚಾರ್ಜಿಗೆ ಹಾಕಿ, ಕುರ್ಚಿಯ ಪಕ್ಕದಲ್ಲೇ ಇಡುತ್ತಿದ್ದೇನೆ.